ಜಿಂಕೆ ಮರಿಗೆ ಮಾತು ಕೊಟ್ಟ ಪೋರ ಮೇಜರ್ ಆದ. ನಮ್ಮ ಪೋರರ ಬಾಯಿಗೆ ಬೀಗ ಹಾಕಿದವರು ಯಾರು?



ಅಮೆರಿಕದ ಮೆರೀನ್ ಪಡೆಯಲ್ಲಿ ಡಾನಿ ಡನಗನ್ ಎಂಬ ಒಬ್ಬ ಮೇಜರ್ ಇದ್ದರು. ಹದಿನೆಂಟರ ಪ್ರಾಯಕ್ಕೆ ಪಡೆ ಸೇರಿದ ಆಸಾಮಿ. ಹೊಸದಾಗಿ ಬಂದ ಪಡ್ಡೆ ಹುಡುಗರನ್ನು ಗದರಿಸಿ ಕವಾಯತು ಕಲಿಸಿದವರು. ವಿಯೆಟ್ನಾಂ ಯುದ್ಧಕ್ಕೆ ಹೋಗಿ ಗಾಯಗೊಂಡು ಬಂದರು, ಎದೆಗೆ ಪದಕ ಸಿಕ್ಕಿಸಿಕೊಂಡು 1977ರಲ್ಲಿ ನಿವೃತ್ತರಾದರು. ಅಷ್ಟೂ ವರ್ಷ ಈ ಮನುಷ್ಯ ಒಂದು ಗುಟ್ಟನ್ನು ಹೊಟ್ಟೆಯೊಳಗೆ ಇಟ್ಟುಕೊಂಡು ತಿರುಗಿದರು. ಏನದು? ಕಳ್ಳತನವೇ? ಕೊಲೆಯೇ? ಗುಟ್ಟಿನ ಎರಡನೇ ಸಂಸಾರವೇ? ಅದೊಂದೂ ಅಲ್ಲ ಸ್ವಾಮಿ. ಆರೇಳು ವರ್ಷದ ಪೋರನಾಗಿದ್ದಾಗ ಅವರು ಒಂದು ಜಿಂಕೆ ಮರಿಗೆ ಮಾತು ಕೊಟ್ಟಿದ್ದರು!

1942ರಲ್ಲಿ ತೆರೆ ಕಂಡ ವಾಲ್ಟ್ ಡಿಸ್ನಿ ಕಂಪನಿಯ ‘ಬಾಂಬಿ’ ಚಿತ್ರ ನಿಮ್ಮಲ್ಲಿ ಕೆಲವರಾದರೂ ನೋಡಿರಬಹುದು. ಬೇಟೆಗಾರನ ಗುಂಡಿಗೆ ತಾಯಿ ಸತ್ತಿದೆ. ಅದು ಗೊತ್ತಿಲ್ಲದ ಮರಿ ಹಿಮದಲ್ಲಿ ಅಮ್ಮನನ್ನು ಕೂಗುತ್ತಾ ಹುಡುಕುತ್ತದೆ. ಆ ಜಾಗ ಬಂದಾಗ ಎಂಬತ್ತು ವರ್ಷಗಳಿಂದ ಮಕ್ಕಳು ಅಳುತ್ತಲೇ ಇದ್ದಾರೆ, ಪಕ್ಕದಲ್ಲಿ ಕೂತ ಅಪ್ಪಂದಿರು ಕಣ್ಣಿಗೆ ಧೂಳು ಬಿತ್ತೆಂದು ಒರೆಸಿಕೊಳ್ಳುತ್ತಲೇ ಇದ್ದಾರೆ. ಆ ಕೂಗು ಡನಗನ್ ಅವರದು. 1934ರಲ್ಲಿ ಟೆಕ್ಸಸ್ಸಿನ ಕಡು ಬಡ ಮನೆಯಲ್ಲಿ ಹುಟ್ಟಿದ ಮಗು. ಮೂರ್ನಾಲ್ಕು ವರ್ಷದವನಿದ್ದಾಗ ಒಂದು ಕುಣಿತದ ಸ್ಪರ್ಧೆಯಲ್ಲಿ ಗೆದ್ದು ಸಿನಿಮಾದವರ ಕಣ್ಣಿಗೆ ಬಿದ್ದ. ‘ಬಾಂಬಿ’ಯಲ್ಲಿ ಧ್ವನಿ ಮಾತ್ರವಲ್ಲ, ಈ ಹುಡುಗ ಮುಖ ಅರಳಿಸುವುದು, ಹುಬ್ಬೇರಿಸುವುದು, ಬೆದರುವುದು ಎಲ್ಲವನ್ನೂ ನೋಡಿಕೊಂಡು ಚಿತ್ರಕಾರರು ಜಿಂಕೆಯ ಮುಖ ಬರೆದರು. ಅದಾದ ಮೇಲೆ ಆತ ಸಿನಿಮಾದ ಕಡೆ ತಲೆ ಹಾಕಲಿಲ್ಲ. ಸೈನ್ಯದಲ್ಲಿ ಈ ಸಂಗತಿ ಗೊತ್ತಾಗಿದ್ದರೆ ಎಲ್ಲರೂ ‘ಮೇಜರ್ ಬಾಂಬಿ’ ಎಂದು ಅಣಕಿಸುತ್ತಿದ್ದರಲ್ಲ, ಅದಕ್ಕೇ ಬಾಯಿ ಮುಚ್ಚಿಕೊಂಡಿದ್ದೆ ಎಂದು ಮುಪ್ಪಿನಲ್ಲಿ ಅವರೇ ಹೇಳಿಕೊಂಡು ನಕ್ಕಿದ್ದಾರೆ.

ಗುಟ್ಟು ಅಷ್ಟು ಕಾಲ ಉಳಿದದ್ದಾದರೂ ಹೇಗೆ? ಸುಲಭ. ಆ ಚಿತ್ರದ ಹೆಸರುಪಟ್ಟಿಯಲ್ಲಿ ಧ್ವನಿ ಕೊಟ್ಟವರ ಹೆಸರೇ ಇಲ್ಲ. ಬರೆದವರ ಹೆಸರಿದೆ, ಸಂಗೀತದವರ ಹೆಸರಿದೆ. ಮಾತಾಡಿದ ಮಗುವಿನದಿಲ್ಲ.

ಕನ್ನಡದ ಪತ್ರಿಕೆಯಲ್ಲಿ ಅಮೆರಿಕದ ಜಿಂಕೆ ಕತೆ ಯಾಕೆ ಮಾರಾಯ ಎಂದು ಕೇಳುತ್ತೀರಿ. ಕಾರಣ ಇದೆ. ಸ್ವಲ್ಪ ತಾಳ್ಮೆಯಿಂದ ಕೇಳಿ, ಕೊನೆಗೆ ಬೇಕಾದರೆ ಬೈಯಿರಿ.

ನಾನು ಕುಂದಾಪುರದ ಹತ್ತಿರ ಬೀಜಾಡಿಯಲ್ಲಿ ಪ್ರೆಸ್ಸು ಇಟ್ಟುಕೊಂಡವ. ಓದಿದ್ದು ಪಿಯುಸಿ. ನನ್ನ ಅಪ್ಪಯ್ಯ ಟ್ರೆಡಲ್ ಮೆಷಿನ್ನಿನ ಮುಂದೆ ನಿಂತು ಮೊಳೆ ಜೋಡಿಸಿದ ಕಾಲದಿಂದ ನಾನು ಇವತ್ತು ಕಂಪ್ಯೂಟರಿನಲ್ಲಿ ಪುಟ ಕಟ್ಟುವ ಕಾಲದವರೆಗೆ ನಮ್ಮ ಕಸುಬಿನಲ್ಲಿ ಒಂದು ಮಾತು ಬದಲಾಗಲಿಲ್ಲ: ಅಚ್ಚಾದ ಕಾಗದದ ಕೆಳಗೆ ಮುದ್ರಕನ ಹೆಸರು, ಊರು ಇರಬೇಕು. 1867ರಲ್ಲಿ ಬ್ರಿಟಿಷರು ಮಾಡಿದ ಕಾಯಿದೆ ಅದು. ಯಾರಾದರೂ ಸರಕಾರದ ವಿರುದ್ಧ ಅಚ್ಚು ಹಾಕಿಸಿದರೆ ಹಿಡಿದು ಹಾಕಲು ಸುಲಭವಾಗಲಿ ಎಂದು ಅವರು ಮಾಡಿದ್ದಿರಬೇಕು. ಆ ಕಾಯಿದೆ ಹೋಗಿ 2023ರಲ್ಲಿ ಹೊಸದು ಬಂತು. ಆದರೂ ಚುನಾವಣೆಯ ಕರಪತ್ರದ ಮೇಲೆ ಮುದ್ರಕ, ಪ್ರಕಾಶಕರ ಹೆಸರು ಇಲ್ಲದಿದ್ದರೆ ಇವತ್ತಿಗೂ ಜೈಲಿಗೆ ಹೋಗಬೇಕಾದೀತು. ಯಕ್ಷಗಾನದ ಹ್ಯಾಂಡ್‌ಬಿಲ್ಲಿಗೆ, ದೇವಸ್ಥಾನದ ರಸೀದಿ ಪುಸ್ತಕಕ್ಕೆ, ಕೊಡಿ ಹಬ್ಬದ ಅಂಗಡಿಯವನ ಬಿಲ್ಲಿಗೂ ನನ್ನ ಹೆಸರಿದೆ. ಅಂಥ ಕಸುಬಿನವನಿಗೆ, ಇಡೀ ಜಗತ್ತನ್ನು ಅಳಿಸಿದ ಮಗುವಿನ ಹೆಸರು ಎಲ್ಲೂ ಇಲ್ಲ ಎಂದರೆ ಎದೆ ಚುಳ್ ಎನ್ನದೆ ಇರುತ್ತದೆಯೇ?

ಈ ಕೆಲಸ ಹೇಗೆ ನಡೆಯುತ್ತದೆ ಎಂದು ಗೊತ್ತಿಲ್ಲದವರಿಗೆ ನಾಲ್ಕು ಮಾತು. ಕಾರ್ಟೂನ್ ಚಿತ್ರ ಮೊದಲ ಸಲ ತಯಾರಾಗುವಾಗ ಸಾಮಾನ್ಯವಾಗಿ ಧ್ವನಿ ಮೊದಲು, ಚಿತ್ರ ಆಮೇಲೆ. ಮಗು ಮಾತಾಡಿದ್ದನ್ನು ದಾಖಲಿಸಿಕೊಂಡು ಆ ಮಾತಿಗೆ ಸರಿಯಾಗಿ ಬಾಯಿ ಬರೆಯುತ್ತಾರೆ. ಅದೇ ಚಿತ್ರವನ್ನು ಇನ್ನೊಂದು ಭಾಷೆಗೆ ತರುವಾಗ ತಲೆಕೆಳಗು: ಬಾಯಿ ಆಗಲೇ ಬರೆದು ಆಗಿದೆ, ಅದರ ಅಳತೆಗೆ ನಮ್ಮ ಮಾತನ್ನು ಕೂರಿಸಬೇಕು. ನಾವು ಮದುವೆ ಕಾಗದದ ಅಂಚಿನೊಳಗೆ ಎರಡು ಕಡೆಯ ಅಜ್ಜ ಅಜ್ಜಿ, ಚಿಕ್ಕಪ್ಪ ಚಿಕ್ಕಮ್ಮಂದಿರ ಹೆಸರು ಕೂರಿಸುತ್ತೇವಲ್ಲ, ಹೆಚ್ಚು ಕಡಿಮೆ ಹಾಗೆ. ಇದಕ್ಕೆ ನಮ್ಮಲ್ಲಿ ‘ಕಂಠದಾನ’ ಎಂದು ಚಂದದ ಹೆಸರಿದೆ. ದಾನ ಅಂದ ಮೇಲೆ ಕೊಟ್ಟವನ ಹೆಸರು ಕೇಳಬಾರದು ಎಂದೇ ಈ ಪದ ಮಾಡಿದರೋ ಏನೋ!

ಮಕ್ಕಳ ಕಂಠಕ್ಕೆ ಇನ್ನೊಂದು ಕಷ್ಟವಿದೆ. ಅದು ನಿಲ್ಲುವುದಿಲ್ಲ. ಡಿಸ್ನಿಯವರ ‘ದಿ ಸ್ವೋರ್ಡ್ ಇನ್ ದಿ ಸ್ಟೋನ್’ ಎಂಬ 1963ರ ಚಿತ್ರದಲ್ಲಿ ಬಾಲಕ ಆರ್ಥರನಿಗೆ ಧ್ವನಿ ಕೊಡುತ್ತಿದ್ದ ಹುಡುಗನ ಗಂಟಲು ನಡುವೆಯೇ ಒಡೆಯಿತು. ನಿರ್ದೇಶಕ ವುಲ್ಫ್‌ಗ್ಯಾಂಗ್ ರೀದರ್ಮನ್ ತನ್ನ ಇಬ್ಬರು ಗಂಡು ಮಕ್ಕಳನ್ನೇ ಕರೆತಂದು ಉಳಿದದ್ದನ್ನು ಮಾತಾಡಿಸಿದ. ಒಬ್ಬ ಆರ್ಥರ್, ಮೂರು ಗಂಟಲು! 1967ರ ‘ಜಂಗಲ್ ಬುಕ್’ ಹೊತ್ತಿಗೂ ಅದೇ ಪಾಡು. ಮೋಗ್ಲಿಗೆಂದು ಆರಿಸಿದ ಹುಡುಗನ ದನಿ ಒಡೆದು ಹೋಯಿತು. ಈ ಸಲ ಅದೇ ರೀದರ್ಮನ್ ಮಹಾಶಯನ ಕಿರಿಯ ಮಗ ಬ್ರೂಸ್ ಬಂದ. ಕಾಡಿನ ಮಗುವಿಗೆ ಮಾತು ಕೊಟ್ಟ ಆ ಬ್ರೂಸ್ ದೊಡ್ಡವನಾಗಿ ಏನಾದ ಗೊತ್ತೇ? ವನ್ಯಜೀವಿಗಳ ಸಾಕ್ಷ್ಯಚಿತ್ರ ತೆಗೆಯುವ ಛಾಯಾಗ್ರಾಹಕ, ನಿರ್ಮಾಪಕ! ಹುಡುಗನಾಗಿದ್ದಾಗ ಸ್ಟುಡಿಯೋದ ಕೋಣೆಯಲ್ಲಿ ನಿಂತು ಮಾತಾಡಿದ ಕಾಡಿಗೆ ದೊಡ್ಡವನಾಗಿ ಕ್ಯಾಮರಾ ಹಿಡಿದು ನಡೆದುಕೊಂಡೇ ಹೋದ. ಈ ಚಿತ್ರದಲ್ಲಿ ಧ್ವನಿ ಕೊಟ್ಟವರ ಹೆಸರು ಹಾಕಿದ್ದಾರೆ, ಬ್ರೂಸನದೂ ಇದೆ. ಅಂದರೆ ‘ಬಾಂಬಿ’ಯಿಂದ ಇಪ್ಪತ್ತೈದು ವರ್ಷದೊಳಗೆ ಅಲ್ಲಿನವರಿಗೆ ಬುದ್ಧಿ ಬಂದಿತ್ತು.

ಎಲ್ಲರ ಕತೆಯೂ ಹೀಗೆ ಸುಖದ್ದಲ್ಲ ಎಂಬುದನ್ನೂ ಹೇಳಿಬಿಡುತ್ತೇನೆ. ‘ಪೀನಟ್ಸ್’ ಎಂಬ ಚಿತ್ರಕತೆಯನ್ನು 1960ರ ದಶಕದಲ್ಲಿ ಟೀವಿಗೆ ತಂದಾಗ ಅವರು ಹಟ ಹಿಡಿದು ನಿಜವಾದ ಮಕ್ಕಳಿಂದಲೇ ಮಾತಾಡಿಸಿದರು. ಓದಲು ಬಾರದ ಎಳೆ ಮಗುವಿಗೆ ಒಂದೊಂದೇ ತುಂಡು ಮಾತನ್ನು ಹೇಳಿಕೊಟ್ಟು ನುಡಿಸಿದರು. ಅದರಲ್ಲಿ ಚಾರ್ಲಿ ಬ್ರೌನ್‌ಗೆ ಧ್ವನಿ ಕೊಟ್ಟ ಪೀಟರ್ ರಾಬಿನ್ಸ್ ಮುಂದೆ ಮನೆ ಜಾಗ ಮಾರಿಸುವ ಕೆಲಸ ಹಿಡಿದರು. ಮನಸ್ಸಿನ ಕಾಯಿಲೆ ಬಂತು, ಜೈಲು ಕಂಡರು, 2022ರಲ್ಲಿ ತೀರಿಕೊಂಡರು. ಮಗುವಿನಿಂದ ಕೆಲಸ ತೆಗೆದುಕೊಂಡವರು ಆ ಮಗು ಮುಂದೆ ಎಲ್ಲಿ ಹೋಯಿತು ಎಂದು ನೋಡಬೇಕು ಎನ್ನುವುದಕ್ಕೆ ಇದನ್ನು ಬರೆದೆ, ಅಷ್ಟೆ.

ಈಗ ನಮ್ಮೂರಿಗೆ ಬನ್ನಿ.

1993ರಲ್ಲಿ ದೂರದರ್ಶನದಲ್ಲಿ ಭಾನುವಾರ ಬೆಳಿಗ್ಗೆ ‘ಜಂಗಲ್ ಬುಕ್’ ಶುರುವಾಯಿತು. ಅದು ಅಮೆರಿಕದ್ದಲ್ಲ, ಜಪಾನಿನವರು ಮಾಡಿದ್ದು, ಹಿಂದಿಗೆ ತಂದದ್ದು. ಆಗ ನಾನು ಪ್ರಾಥಮಿಕ ಶಾಲೆಯ ಹುಡುಗ. ನಮ್ಮ ಮನೆಯಲ್ಲಿ ಟೀವಿ ಇರಲಿಲ್ಲ. ನೆರೆಮನೆಯ ಜಗಲಿಯಲ್ಲಿ ನಾವು ಹತ್ತು ಹನ್ನೆರಡು ಮಕ್ಕಳು, ಹಿಂದೆ ಗೋಡೆಗೆ ಒರಗಿ ಅಜ್ಜಿಯಂದಿರು. ಮೋಗ್ಲಿ ಬಾಯಿ ತೆರೆದ ಕೂಡಲೇ ನನ್ನ ಅಜ್ಜಿ ಕೇಳುತ್ತಿದ್ದರು, “ಆ ಮಾಣಿ ಎಂತ ಹೇಳ್ತ?” ಹಿಂದಿ ನನಗೆ ಬರುತ್ತಿತ್ತೇ? ಶಾಲೆಯಲ್ಲಿ ಆಗಷ್ಟೇ ಅ ಆ ಇ ಈ ತಿದ್ದುತ್ತಿದ್ದೆ. ಆದರೂ ಬಿಡಲಿಲ್ಲ. “ಹಸು ಆತ್ತಂಬ್ರ್ ಅಜ್ಜಿ” ಎಂದೆ. ಕರಡಿ ಏನೋ ಗುರುಗುಟ್ಟಿತು. “ಮೀನ್ ಸಾರ್ ಇಲ್ಯಾ ಅಂತ ಕೇಂತ್” ಎಂದೆ. ಅಜ್ಜಿ ನಂಬಿದರು. ಜಗಲಿ ತುಂಬ ನಗು. ಹಾಗೆ ನೋಡಿದರೆ ಮೋಗ್ಲಿಗೆ ಬೀಜಾಡಿಯಲ್ಲಿ ಕನ್ನಡದ ಕಂಠದಾನ ಮಾಡಿದವನು ನಾನೇ! ಮೀಸೆ ಬಂತು, ಗಂಟಲು ಒಡೆಯಿತು, ಪ್ರೆಸ್ಸು ಹಿಡಿದೆ. ಕಸುಬು ಬದಲಾಯಿಸಿದ ಬಾಲ ಕಲಾವಿದರ ಪಟ್ಟಿಯಲ್ಲಿ ನನ್ನದೂ ಒಂದು ಹೆಸರು ಬರೆದುಕೊಳ್ಳಿ.

ತಮಾಷೆ ಸಾಕು. ಆ ಅಜ್ಜಿಯ ಪ್ರಶ್ನೆ ಮೂವತ್ತು ವರ್ಷದಿಂದ ನನ್ನ ಬೆನ್ನು ಬಿಟ್ಟಿಲ್ಲ. ನಮ್ಮದೇ ಜಗಲಿಯಲ್ಲಿ ಕೂತು, ಒಬ್ಬ ಚಡ್ಡಿ ಹಾಕಿದ ಹುಡುಗ ಏನು ಹೇಳುತ್ತಾನೆ ಎಂದು ಒಬ್ಬ ಮುದುಕಿ ಯಾಕೆ ಕೇಳಬೇಕಿತ್ತು? ಅದೇ ದೂರದರ್ಶನದಲ್ಲಿ ‘ಡಕ್ ಟೇಲ್ಸ್’ ಬಂತು, ‘ಟೇಲ್ ಸ್ಪಿನ್’ ಬಂತು, ಬಾತುಕೋಳಿಯೂ ಹಿಂದಿ, ಕರಡಿಯೂ ಹಿಂದಿ. 1995ರಲ್ಲಿ ಕಾರ್ಟೂನ್ ನೆಟ್‌ವರ್ಕ್ ಬಂದಾಗ ಬೆಕ್ಕು ಇಲಿಗಳಿಗೆ ಇಂಗ್ಲಿಷು. ತಮಿಳರ ಮಕ್ಕಳಿಗೆ 2007ರಲ್ಲೇ ಚುಟ್ಟಿ ಟೀವಿ ಎಂದು ಪೂರ್ತಿ ಒಂದು ಚಾನೆಲ್ ಆಯಿತು. ನಮಗೆ ಚಿಂಟು ಟೀವಿ ಬಂದದ್ದು 2009ರಲ್ಲಿ. ಅದನ್ನು ಕೊಟ್ಟವರೂ ಚೆನ್ನೈಯ ಸನ್ ಬಳಗದವರೇ. ಅಷ್ಟು ಹೊತ್ತಿಗೆ ನಾವು ಮಕ್ಕಳಾಗಿದ್ದವರು ಮದುವೆ ವಯಸ್ಸಿಗೆ ಬಂದಿದ್ದೆವು.

‘ಬಾಂಬಿ’ಯ ಡನಗನ್‌ನಂತೆ, ಮೋಗ್ಲಿಯ ಬ್ರೂಸ್‌ನಂತೆ ಎಳವೆಯಲ್ಲಿ ಎಲ್ಲರ ಕಿವಿಯಲ್ಲಿ ಉಳಿದು, ಮುಂದೆ ಬೇರೆ ದಾರಿ ಹಿಡಿದ ಒಬ್ಬ ಕನ್ನಡದ ಹುಡುಗನನ್ನು ತೋರಿಸಿ ಎಂದರೆ ಯಾರನ್ನು ತೋರಿಸುತ್ತೀರಿ? ನಾನು ತುಂಬಾ ಯೋಚಿಸಿದೆ. ಕಾರ್ಟೂನಿನಲ್ಲಿ ಒಬ್ಬನೂ ನೆನಪಾಗಲಿಲ್ಲ. ಹತ್ತಿರದವರೆಂದರೆ ‘ಮಾಲ್ಗುಡಿ ಡೇಸ್’ನ ಸ್ವಾಮಿ, ನಮ್ಮ ಮಾಸ್ಟರ್ ಮಂಜುನಾಥ್. ಅದು ಕಾರ್ಟೂನಲ್ಲ ನಿಜ. ಆರ್.ಕೆ. ಲಕ್ಷ್ಮಣ್ ಅವರ ಗೆರೆಗಳಿಂದ ಶುರುವಾಗುವ ಧಾರಾವಾಹಿ ಎಂಬುದೊಂದೇ ನೆಂಟಸ್ತಿಕೆ. ಮಂಜುನಾಥ್ ದೊಡ್ಡವರಾಗುತ್ತಿದ್ದ ಹಾಗೆ ನಟನೆ ಬಿಟ್ಟರು, ಸಾರ್ವಜನಿಕ ಸಂಪರ್ಕದ ಕೆಲಸ ಹಿಡಿದರು. ಒಳ್ಳೆಯದೇ ಆಯಿತು. ಆದರೆ ಆ ಧಾರಾವಾಹಿಯ ಜಾತಕ ಒಮ್ಮೆ ನೋಡಿ ಸ್ವಾಮಿ. ಕತೆ ಬರೆದವರು ಮೈಸೂರಿನಲ್ಲಿ ಬಾಳಿದ ಆರ್.ಕೆ. ನಾರಾಯಣ್. ನಿರ್ದೇಶಿಸಿದವರು ನಮ್ಮ ಶಂಕರ್ ನಾಗ್. ಚಿತ್ರೀಕರಣ ಆದದ್ದು ಆಗುಂಬೆಯಲ್ಲಿ, ಇಲ್ಲಿಂದ ಹೆಬ್ರಿ ದಾಟಿ ಘಾಟಿ ಹತ್ತಿದರೆ ಸಿಗುವ ಊರು. ನಟಿಸಿದವರಲ್ಲಿ ಎಷ್ಟೋ ಮಂದಿ ನಮ್ಮವರು. ಸ್ವಾಮಿ ನಮ್ಮ ಹುಡುಗ. ಅವನು ಮಾತಾಡಿದ್ದು? ಹಿಂದಿ, ಇಂಗ್ಲಿಷ್!

1980ರ ದಶಕದ ಕೊನೆಯಲ್ಲಿ ದೇಶ ನೋಡಿದ ಆ ಸ್ವಾಮಿ ಕನ್ನಡದ ಚಾನೆಲ್ಲಿನಲ್ಲಿ ಕನ್ನಡ ಮಾತಾಡಿದ್ದು 2020ರಲ್ಲಿ, ಕೊರೋನಾ ಬಂದು ಹೊಸ ಧಾರಾವಾಹಿಗಳ ಚಿತ್ರೀಕರಣ ನಿಂತಾಗ. ಅಂದರೆ ಆಗುಂಬೆಯ ಮಳೆಯಲ್ಲಿ ನೆನೆದ ಹುಡುಗನ ಬಾಯಿಗೆ ಕನ್ನಡ ಬರಲು ಮೂವತ್ತು ವರ್ಷಕ್ಕೂ ಮೇಲೆ ಬೇಕಾಯಿತು, ಅದಕ್ಕೂ ಒಂದು ಮಾರಿ ಬರಬೇಕಾಯಿತು. ಆ ಹೊತ್ತಿಗೆ ಮಂಜುನಾಥ್ ನಲವತ್ತು ದಾಟಿದ ಗೃಹಸ್ಥರು. ಸ್ವಾಮಿಯ ಬಾಯಿಯಿಂದ ಕೇಳಿಸಿದ ಎಳೆಯ ಕನ್ನಡ ಬೇರೆ ಗಂಟಲಿನದು. ಹತ್ತು ವರ್ಷದ ಹುಡುಗನ ದನಿ ಕಬ್ಬಿಣದ ಮೊಳೆಯೇ, ಕೇಸಿನಲ್ಲಿ ಇಟ್ಟು ಬೇಕೆಂದಾಗ ತೆಗೆಯಲು? ಹೋಯಿತೆಂದರೆ ಹೋಯಿತು.

ಬೀಗ ಹಾಕಿದವರು ಯಾರು ಎಂದು ತಲೆಬರಹದಲ್ಲಿ ಕೇಳಿದ್ದೇನೆ. ಉತ್ತರ ಹೇಳಲು ನನಗೆ ನಾಚಿಕೆಯಾಗುತ್ತದೆ, ಯಾಕೆಂದರೆ ಅದರಲ್ಲಿ ನಾನೂ ಇದ್ದೇನೆ.

1960ರ ದಶಕದಲ್ಲಿ ಅನಕೃ, ಮ. ರಾಮಮೂರ್ತಿ ಮೊದಲಾದ ಹಿರಿಯರು ಡಬ್ಬಿಂಗ್ ವಿರುದ್ಧ ಬೀದಿಗಿಳಿದರು. ಡಾ. ರಾಜ್‌ಕುಮಾರ್ ಜೊತೆಗೆ ನಿಂತರು. ಆ ಹೋರಾಟವನ್ನು ಹೀಗಳೆಯುವಷ್ಟು ಕೃತಘ್ನ ನಾನಲ್ಲ. ಅಂದು ಕನ್ನಡ ಚಿತ್ರರಂಗ ಮದರಾಸಿನ ಸ್ಟುಡಿಯೋಗಳ ಬಾಗಿಲಲ್ಲಿ ಕೈಕಟ್ಟಿ ನಿಂತಿತ್ತು. ಪರಭಾಷೆಯ ಚಿತ್ರಗಳಿಗೆ ಕನ್ನಡದ ಮಾತು ಅಂಟಿಸಿ ಬಿಡುತ್ತಾ ಹೋಗಿದ್ದರೆ ನಮ್ಮ ನಟ, ತಂತ್ರಜ್ಞ, ಕಾರ್ಮಿಕರ ಒಲೆ ಉರಿಯುತ್ತಿರಲಿಲ್ಲ. ಅವರು ಗೆದ್ದರು, ಕನ್ನಡ ಸಿನಿಮಾ ಬದುಕಿತು. ಸರಿ. ಆದರೆ ಆ ಬೇಲಿ ಅಲ್ಲೇ ನಿಲ್ಲಲಿಲ್ಲ. ಯಾವ ಕಾನೂನೂ ಇಲ್ಲದೆ, ಯಾವ ವಿಧಾನಸಭೆಯೂ ಒಪ್ಪದೆ, ಅದು ನಾಲ್ಕೈದು ದಶಕ ಬೆಳೆಯುತ್ತಾ ಹೋಗಿ ಮಕ್ಕಳ ಕೋಣೆಯನ್ನೂ ಸುತ್ತಿಕೊಂಡಿತು. 2012ರಲ್ಲಿ ‘ಸತ್ಯಮೇವ ಜಯತೇ’ ಕಾರ್ಯಕ್ರಮ ತಮಿಳು ತೆಲುಗಿನಲ್ಲಿ ಬಂತು, ಕನ್ನಡದಲ್ಲಿ ಬಿಡಲಿಲ್ಲ. ಹೆಣ್ಣು ಭ್ರೂಣ ಹತ್ಯೆಯ ಬಗ್ಗೆ ಕನ್ನಡದಲ್ಲಿ ಕೇಳಿದರೆ ಕನ್ನಡಕ್ಕೆ ಕೇಡಂತೆ!

ನನ್ನ ಪಾಲು ಏನೆಂದರೆ, 2014ರ ಜನವರಿಯಲ್ಲಿ ಡಬ್ಬಿಂಗ್ ವಿರುದ್ಧ ದೊಡ್ಡ ಪ್ರತಿಭಟನೆ ಆಯಿತಲ್ಲ, ಆಗ ನಮ್ಮ ಕಡೆಯ ಗೆಳೆಯರ ಗುಂಪೊಂದು ಕರಪತ್ರ ಹಾಕಿಸಿತು. ಅಚ್ಚು ಹಾಕಿದವನು ನಾನು. ಬರೀ ಅಚ್ಚಲ್ಲ, ‘ಕನ್ನಡದ ತಾಯಿಗೆ ಪರಭಾಷೆಯ ನಾಲಗೆ ಬೇಡ’ ಎಂಬ ದಪ್ಪಕ್ಷರದ ಸಾಲು ಹೊಸೆದವನೂ ನಾನೇ. ದುಡ್ಡು ಪೂರ್ತಿ ತೆಗೆದುಕೊಳ್ಳಲಿಲ್ಲ, ಅಭಿಮಾನದ ಕೆಲಸ ಎಂದು ಕಾಗದದ ಖರ್ಚು ಮಾತ್ರ ತೆಗೆದುಕೊಂಡೆ. ಕೆಂಪು ಹಳದಿಯ ಆ ಕಟ್ಟುಗಳನ್ನು ಸ್ಕೂಟರಿನಲ್ಲಿಟ್ಟು ಮನೆಗೆ ಬಂದೆ. ಒಳಗೆ ನನ್ನ ಮಗಳು, ಆಗ ನಾಲ್ಕು ವರ್ಷ, ಟೀವಿಯ ಮುಂದೆ ಕೂತು ತನ್ನ ಗೊಂಬೆಗೆ ಊಟ ಮಾಡಿಸುತ್ತಿದ್ದಳು. ಗೊಂಬೆ ಊಟ ಬೇಡ ಅಂತು. ಗೊಂಬೆ ಹಿಂದಿಯಲ್ಲಿ ಬೇಡ ಅಂತು. ಮಗಳು ಹಿಂದಿಯಲ್ಲಿ ಸಮಾಧಾನ ಮಾಡಿದಳು. ನನ್ನ ತಾಯಿ ಪಕ್ಕದಲ್ಲಿ ಕೂತು ಕೇಳಿದರು, “ಎಂತ ಹೇಳ್ತ್ ಮಗಾ ನಿನ್ ಗೊಂಬಿ?”

ಅದೇ ಪ್ರಶ್ನೆ. ಇಪ್ಪತ್ತೊಂದು ವರ್ಷದ ಮೇಲೆ, ಅದೇ ಊರಿನಲ್ಲಿ.

ಬೋರ್ಡಿನ ಮೇಲೆ ಹಿಂದಿ ಕಂಡರೆ ಮಸಿ ಬಳಿಯುತ್ತೇವೆ. ಬ್ಯಾಂಕಿನ ಚಲನ್ನಿನಲ್ಲಿ ಕನ್ನಡ ಇಲ್ಲದಿದ್ದರೆ ಮ್ಯಾನೇಜರನ ಮೇಜು ಕುಟ್ಟುತ್ತೇವೆ. ಸರಿಯೇ, ಕುಟ್ಟಲೇಬೇಕು. ಆದರೆ ಮೂರು ವರ್ಷದ ಮಗು ಗೊಂಬೆಯ ಜೊತೆ ಆಡುವ ಗುಟ್ಟಿನ ಮಾತಿಗೆ ಹಿಂದಿಯನ್ನು ಕೂರಿಸಿದ್ದು ದಿಲ್ಲಿಯವರಲ್ಲ, ಕನ್ನಡವೊಂದನ್ನು ಒಳಗೆ ಬಿಡದೆ ಬಾಗಿಲು ಕಾದ ನಾವು. ಬೇಲಿಯ ವಾದ ನೋಡಿ: ಡಬ್ಬಿಂಗ್ ಬಂದರೆ ಇಲ್ಲಿನವರ ಕೆಲಸ ಹೋಗುತ್ತದೆ. ಸಿನಿಮಾಕ್ಕೆ ಈ ಮಾತು ಒಪ್ಪುತ್ತೇನೆ. ಕಾರ್ಟೂನಿಗೆ? 1993ರಲ್ಲಿ ಕನ್ನಡದಲ್ಲಿ ಕಾರ್ಟೂನ್ ಧಾರಾವಾಹಿ ಮಾಡಿ ಹೊಟ್ಟೆ ಹೊರೆಯುತ್ತಿದ್ದವರು ಎಷ್ಟು ಮಂದಿ ಇದ್ದರು? ಯಾರ ಅನ್ನ ಕಾಯಲು ನನ್ನ ಅಜ್ಜಿಯನ್ನು ಕಿವುಡಿ ಮಾಡಿದಿರಿ? ಕೆಲಸ ಹೋಗುವ ಮಾತು ಹಾಗಿರಲಿ, ಕನ್ನಡದ ಕಂಠಗಳಿಗೆ ಸಿಗಬೇಕಾಗಿದ್ದ ಕೆಲಸವೇ ಸಿಗಲಿಲ್ಲ. ನಮ್ಮದೇ ಕಾರ್ಟೂನು ನಾವು ಮಾಡೋಣ ಎಂದು ಭಾಷಣ ಬಿಗಿದವರಿಗೆ ಇನ್ನೊಂದು ಸುದ್ದಿ. ಕನ್ನಡದ ಮಕ್ಕಳೆಲ್ಲ ಕೇಳಿ ಅತ್ತ ಪುಣ್ಯಕೋಟಿಯ ಕತೆ 2020ರಲ್ಲಿ ಪೂರ್ಣ ಪ್ರಮಾಣದ ಅನಿಮೇಷನ್ ಚಿತ್ರವಾಯಿತು. ನಮ್ಮ ಹಸು ಮಾತಾಡಿದ್ದು ಸಂಸ್ಕೃತದಲ್ಲಿ.

ಕೊನೆಗೆ ಕನ್ನಡ ಗ್ರಾಹಕರ ಕೂಟದವರು ದೂರು ಕೊಟ್ಟರು. 2015ರ ಜುಲೈಯಲ್ಲಿ ಭಾರತೀಯ ಸ್ಪರ್ಧಾ ಆಯೋಗ, ಡಬ್ಬಿಂಗ್ ತಡೆಯುವುದು ಕಾನೂನಿಗೆ ವಿರುದ್ಧ ಎಂದು ಹೇಳಿ ವಾಣಿಜ್ಯ ಮಂಡಳಿ ಮುಂತಾದವರಿಗೆ ದಂಡ ಹಾಕಿತು. 2017ರಿಂದ ಡಬ್ ಆದ ಚಿತ್ರಗಳು ಬರತೊಡಗಿದವು. ಕನ್ನಡ ಚಿತ್ರರಂಗ ಮುಳುಗಿತೇ? ‘ಕೆಜಿಎಫ್’, ‘ಕಾಂತಾರ’ ಬಂದದ್ದು ಅದಾದ ಮೇಲೆ. ‘ಕಾಂತಾರ’ದ ರಿಷಬ್ ಶೆಟ್ಟಿ ನಮ್ಮ ಕೆರಾಡಿಯ ಮಾಣಿ. ಆ ಚಿತ್ರ ಹಿಂದಿ, ತೆಲುಗು, ತಮಿಳು, ಮಲಯಾಳಂಗೆ ಡಬ್ ಆಗಿ ಹೋದಾಗ ನಾವು ಪಟಾಕಿ ಹೊಡೆದೆವು. ನಾವು ಅವರ ಮನೆಗೆ ಹೋಗಬಹುದು, ಅವರು ನಮ್ಮ ಭಾಷೆ ಕಲಿತು ನಮ್ಮ ಮನೆಗೆ ಬರಬಾರದು, ಇದು ಯಾವ ಊರಿನ ನ್ಯಾಯ?

ಈಗ ಬೀಗ ತೆಗೆದಾಯಿತಲ್ಲ, ಮತ್ತೇನು ನಿನ್ನ ಗಲಾಟೆ ಎಂದು ಕೇಳಬಹುದು. ಗಲಾಟೆ ಇದೆ. ಈಗ ಕನ್ನಡದಲ್ಲಿ ಕಾರ್ಟೂನು ಬರುತ್ತಿದೆ. ನಾನು ಮನೆಯ ಮಕ್ಕಳ ಜೊತೆ ಕೂತು ನೋಡುತ್ತೇನೆ, ನಾಚಿಕೆಯಿಲ್ಲ. ನೋಡಿದ್ದರಲ್ಲಿ ಒಂದರಲ್ಲೂ ಕನ್ನಡದ ಧ್ವನಿ ಯಾರದೆಂಬ ಹೆಸರು ನನ್ನ ಕಣ್ಣಿಗೆ ಬೀಳಲಿಲ್ಲ. ಮೂಲದವರ ಹೆಸರುಪಟ್ಟಿ ಇರುವೆ ಸಾಲಿನ ಹಾಗೆ ಓಡುತ್ತದೆ. ಕನ್ನಡ ಮಾತಾಡಿದ ಮಗು ಯಾರು, ಯಾವ ಊರು? ಇಲ್ಲ. ಎಷ್ಟೋ ಕಡೆ ಮಕ್ಕಳ ಪಾತ್ರಕ್ಕೆ ದೊಡ್ಡ ಹೆಂಗಸರೇ ಧ್ವನಿ ಕೊಡುತ್ತಾರೆ. ಜಪಾನಿನ ಮೋಗ್ಲಿಗೂ ಮೂಲದಲ್ಲಿ ಹೆಂಗಸಿನ ಧ್ವನಿಯೇ. ಅವರ ಗಂಟಲು ಒಡೆಯುವುದಿಲ್ಲ, ಶಾಲೆಗೆ ರಜೆ ಕೇಳಬೇಕಿಲ್ಲ. ಅದು ತಪ್ಪಲ್ಲ. ಆ ತಾಯಂದಿರ ಹೆಸರಾದರೂ ಹಾಕಿ. ಮಕ್ಕಳಿಂದ ಮಾಡಿಸಿದರೆ ಅದಕ್ಕೆ ನಿಯಮವಿದೆ ಎಂಬುದು ಎಷ್ಟು ತಂದೆ ತಾಯಿಗೆ ಗೊತ್ತು? ಬಾಲಕಾರ್ಮಿಕ ಕಾಯಿದೆಗೆ 2016ರಲ್ಲಿ ತಿದ್ದುಪಡಿಯಾಗಿ, ಮರುವರ್ಷ ನಿಯಮಗಳು ಬಂದಿವೆ. 14 ವರ್ಷದೊಳಗಿನ ಮಗು ಕಲಾವಿದನಾಗಿ ದುಡಿಯುವುದಾದರೆ ದಿನಕ್ಕೆ 5 ಗಂಟೆ ಮೀರಬಾರದು, ಬಿಡುವಿಲ್ಲದೆ 3 ಗಂಟೆ ಮೀರಬಾರದು, ಓದು ಕೆಡಬಾರದು, ಸಂಪಾದನೆಯಲ್ಲಿ ಕನಿಷ್ಠ 20 ಪಾಲು ಮಗುವಿನ ಹೆಸರಿನಲ್ಲಿ ಬ್ಯಾಂಕಿನಲ್ಲಿ ಠೇವಣಿ ಇಡಬೇಕು. ನೂರಕ್ಕೆ ಇಪ್ಪತ್ತು, ನೆನಪಿಟ್ಟುಕೊಳ್ಳಿ. ಮಗು ನಾಳೆ ನರ್ಸೋ, ಮೇಷ್ಟರೋ, ಮೆರೀನ್ ಮೇಜರೋ ಆಗಲು ಹೊರಟಾಗ ಫೀಸಿಗೆ ಆಗುತ್ತದೆ.

ನಮ್ಮ ಮಕ್ಕಳ ನಾಲಗೆಗೆ ಇದು ಆಗದ ಕೆಲಸ ಎಂದು ಯಾರಾದರೂ ಹೇಳಿದರೆ ಅವರನ್ನು ನಮ್ಮ ಕಡೆ ಕರೆತನ್ನಿ. ಇಲ್ಲೇ ಉಪ್ಪಿನಕುದ್ರುವಿನಲ್ಲಿ ಕೊಗ್ಗ ಕಾಮತರ ಮನೆತನದ ಯಕ್ಷಗಾನ ಗೊಂಬೆಯಾಟ ಇದೆ. ಮರದ ಗೊಂಬೆ ಕುಣಿಯುತ್ತದೆ, ಮಾತು ಪರದೆಯ ಹಿಂದಿನದು. ಗೊಂಬೆಗೆ ಮಾತು ಕೂರಿಸುವ ವಿದ್ಯೆಗೆ ನಾವು ಡಿಸ್ನಿಯ ಕಡೆ ನೋಡಬೇಕಾಗಿಯೇ ಇರಲಿಲ್ಲ. ಸಾಲಿಗ್ರಾಮದಲ್ಲಿ 1975ರಲ್ಲಿ ಶ್ರೀಧರ ಹಂದೆಯವರೂ ಕಾರ್ಕಡ ಶ್ರೀನಿವಾಸ ಉಡುಪರೂ ಸೇರಿ ಮಕ್ಕಳ ಮೇಳ ಕಟ್ಟಿದರು. ಮೂಗಿನ ಕೆಳಗೆ ಗೆರೆ ಮೂಡದ ಹುಡುಗರು ಕಿರೀಟ ಕಟ್ಟಿ, ಒಂದು ಇಂಗ್ಲಿಷ್ ಪದ ನುಸುಳದ ಹಾಗೆ ಅರ್ಥ ಹೇಳಿದರು. ಆ ಮಕ್ಕಳೆಲ್ಲ ಮೇಳದಲ್ಲೇ ಉಳಿಯಲಿಲ್ಲ, ಉಳಿಯಬೇಕಾಗಿಯೂ ಇಲ್ಲ. ಗೆಜ್ಜೆ ಬಿಚ್ಚಿ ಬೇರೆ ಬೇರೆ ಉದ್ಯೋಗಕ್ಕೆ ಹೋದರು. ಹಾಗೆ ಹೋದವರು ನನ್ನ ಪ್ರೆಸ್ಸಿಗೆ ಮಗಳ ಮದುವೆ ಕಾಗದ ಹಾಕಿಸಲು ಬಂದಾಗ ಅವರ ಮಾತಿನಲ್ಲಿ ಗುರುತು ಹಿಡಿಯುತ್ತೇನೆ. ಪ್ರೂಫಿನಲ್ಲಿ ಅಲ್ಪಪ್ರಾಣ ಮಹಾಪ್ರಾಣ ತಪ್ಪಿದರೆ ಅವರೇ ತಿದ್ದುತ್ತಾರೆ. ಪೆನ್ನು ಕೇಳಿ ತೆಗೆದುಕೊಂಡು ತಿದ್ದುತ್ತಾರೆ!

ನನಗೆ ಬೇಕಾದದ್ದು ಹೆಚ್ಚೇನಿಲ್ಲ. ಕನ್ನಡದಲ್ಲಿ ಕಾರ್ಟೂನು ಬಿಡುವವರು ಧ್ವನಿ ಕೊಟ್ಟವರ ಹೆಸರನ್ನು ಕನ್ನಡ ಅಕ್ಷರದಲ್ಲಿ, ಕಣ್ಣಿಗೆ ಕಾಣುವಷ್ಟು ಹೊತ್ತು ತೋರಿಸಲಿ. ಮಕ್ಕಳ ಪಾತ್ರಕ್ಕೆ ಆದಷ್ಟು ಮಕ್ಕಳನ್ನೇ ಕರೆಯಲಿ. ಬೆಂಗಳೂರಿನ ಮಕ್ಕಳನ್ನಷ್ಟೇ ಅಲ್ಲ, ಧಾರವಾಡದ ಮಗುವೂ ಮಾತಾಡಲಿ, ಕಲಬುರಗಿಯದೂ ಮಾತಾಡಲಿ, ನಮ್ಮ ಕುಂದಾಪ್ರ ಕನ್ನಡದ ಒಂದು ಕರಡಿಯಾದರೂ ಕಾಡಿನಲ್ಲಿ ಇರಲಿ. ಸಂಘಟನೆಯ ಗೆಳೆಯರು ಚಾನೆಲ್ಲಿನ ಕಚೇರಿಗೆ ಮನವಿ ಕೊಡಲು ಹೋಗುವಾಗ ಈ ಬೇಡಿಕೆಯನ್ನೂ ಸೇರಿಸಿಕೊಳ್ಳಿ. ಮನವಿಯ ಅಚ್ಚು ನಾನು ಮಾಡಿಕೊಡುತ್ತೇನೆ. ಈ ಸಲ ಕಾಗದದ ದುಡ್ಡೂ ಬೇಡ.

ಇನ್ನೊಂದು ಮಾತು. 2009ರಲ್ಲಿ ಹತ್ತು ವರ್ಷದ ಮಕ್ಕಳಾಗಿದ್ದವರಿಗೆ ಈಗ ಇಪ್ಪತ್ತೈದು ದಾಟಿದೆ. ಅವರಲ್ಲಿ ಯಾವುದೋ ಸ್ಟುಡಿಯೋದಲ್ಲಿ ನಿಂತು ಬೆಕ್ಕಿಗೋ, ಇಲಿಗೋ, ಹಾರುವ ಹುಡುಗನಿಗೋ ಕನ್ನಡ ಕೊಟ್ಟವರು ಇದ್ದರೆ, ಈಗ ಬಸ್ ಕಂಡಕ್ಟರೋ, ಆಸ್ಪತ್ರೆಯ ನರ್ಸೋ, ಕಂಪ್ಯೂಟರ್ ಕುಟ್ಟುವವರೋ ಆಗಿದ್ದರೆ, ಅಣಕಿಸುತ್ತಾರೆಂದು ಆ ಮೇಜರನ ಹಾಗೆ ಗುಟ್ಟು ಮಾಡಬೇಡಿ. ಪತ್ರಿಕೆಯ ವಿಳಾಸಕ್ಕೆ ಒಂದು ಕಾರ್ಡು ಹಾಕಿ. ಹೆಸರು, ಊರು, ಯಾರಿಗೆ ಧ್ವನಿ ಕೊಟ್ಟಿರಿ, ಈಗ ಏನು ಕೆಲಸ, ನಾಲ್ಕು ಸಾಲು ಸಾಕು. ಪಟ್ಟಿ ಎಷ್ಟು ಉದ್ದವಾದರೂ ಪ್ರತ್ಯೇಕ ಹಾಳೆಯಲ್ಲಿ ಅಚ್ಚು ಹಾಕಿ ಈ ಪತ್ರಿಕೆಯ ಒಳಗೆ ಇಟ್ಟು ಕಳಿಸುವ ಖರ್ಚು ನನ್ನದು.